ಒಪಿಡಿ ಚೀಟಿಯ ಹಿಂದೆ ಬರೆದ ಕಾದಂಬರಿ

ಕಾದಂಬರಿ ಬರೀತಿದ್ದೇನೆ ಅಂತ ನಮ್ಮ ಡಾಕ್ಟರುಗಳ ಮೀಟಿಂಗಿನಲ್ಲಿ ಹೇಳಿದ್ದೇ ತಪ್ಪಾಯಿತು. "ಮೊದಲು ಪ್ರಿಸ್ಕ್ರಿಪ್ಷನ್ ಓದೋ ಹಾಗೆ ಬರಿ ಮಾರಾಯ" ಅಂದ ಮೂಳೆ ಡಾಕ್ಟರ್ ಗೆಳೆಯ. ಎಲ್ಲರೂ ನಕ್ಕರು. ಹೋದ ಯುಗಾದಿಗೆ ಪುಸ್ತಕ ಬಂತು, 240 ಪುಟ. ಅವನೇ ನಾಲ್ಕು ಪ್ರತಿ ಒಯ್ದ. ದುಡ್ಡು ಇನ್ನೂ ಕೊಟ್ಟಿಲ್ಲ. ಈಗ ಹೇಗೆ ಬರೆದೆ ಅಂತ ಕೇಳುವವರು ಜಾಸ್ತಿಯಾಗಿದ್ದಾರೆ, ಅದಕ್ಕೇ ಇದು.

ಮೊದಲು ಕಳೆದುಕೊಂಡ ದುಡ್ಡಿನ ಕಥೆ. ಎ.ಜೆ. ಕ್ರೋನಿನ್ ಅಂತ ಸ್ಕಾಟ್ಲೆಂಡಿನ ಒಬ್ಬ ಡಾಕ್ಟರ್ ಇದ್ದರು, ಆಮೇಲೆ ಕಾದಂಬರಿಕಾರರಾದವರು. 1930ರಲ್ಲಿ ಹೊಟ್ಟೆಹುಣ್ಣು ಅಂತ ಲಂಡನ್ನಿನ ಪ್ರಾಕ್ಟೀಸ್ ಬಿಟ್ಟು ಸ್ಕಾಟ್ಲೆಂಡಿನ ಹಳ್ಳಿಗಾಡಿಗೆ ಹೋದರು. ಅಲ್ಲಿ ಕೂತು ಬರೆದ ಮೊದಲ ಕಾದಂಬರಿ 1931ರಲ್ಲಿ ಅಚ್ಚಾಯಿತು. ಮತ್ತೆ ಪ್ರಾಕ್ಟೀಸಿಗೆ ಮರಳಲೇ ಇಲ್ಲ. ನನಗೂ ಅದೇ ಹುಚ್ಚು ಹಿಡಿಯಿತು. ಹೊಟ್ಟೆಹುಣ್ಣು ಇರಲಿಲ್ಲ, ಗ್ಯಾಸ್ಟ್ರಿಕ್ ಇತ್ತು. ಅಷ್ಟು ಸಾಕು ಅಂದುಕೊಂಡೆ. ಆಗತಾನೇ ಎಂಬಿಬಿಎಸ್ ಮುಗಿಸಿದ್ದ ಹುಡುಗನೊಬ್ಬನನ್ನು ಕ್ಲಿನಿಕ್ಕಿನಲ್ಲಿ ಕೂರಿಸಿ, ಸೋಮವಾರಪೇಟೆ ಕಡೆ ಒಂದು ಎಸ್ಟೇಟಿನ ರೂಮು ಹಿಡಿದೆ. 40 ದಿನ. ಬರೆದದ್ದು 11 ಪುಟ, ಅದರಲ್ಲಿ ಮೂರು ಪುಟ ಬರೀ ಮಳೆ. ಹುಡುಗನ ಸಂಬಳ, ರೂಮು ಬಾಡಿಗೆ, ತಪ್ಪಿಹೋದ ಫೀಸು ಎಲ್ಲ ಸೇರಿ ಹತ್ತಿರ ಹತ್ತಿರ ಒಂದೂವರೆ ಲಕ್ಷ. ಪುಟಕ್ಕೆ ಎಷ್ಟು ಬಿತ್ತು, ನೀವೇ ಲೆಕ್ಕ ಹಾಕಿ. ವಾಪಸ್ ಬಂದು ನೋಡಿದರೆ ಬಿಪಿ ಪೇಷೆಂಟುಗಳಲ್ಲಿ ಅರ್ಧ ಜನ ಎದುರು ರಸ್ತೆಯ ಡಾಕ್ಟರ ಪಾಲಾಗಿದ್ದರು.

ಆಮೇಲೆ ಷರ್ಲಾಕ್ ಹೋಮ್ಸ್ ಕಥೆಗಳನ್ನು ಬರೆದ ಡಾಕ್ಟರ್ ಕಾನನ್ ಡಾಯ್ಲ್ ದಾರಿ ಹಿಡಿದೆ. ಇಂಗ್ಲೆಂಡಿನ ಸೌತ್‌ಸೀಯಲ್ಲಿ ಪೇಷೆಂಟುಗಳಿಗೆ ಕಾಯುತ್ತಾ ಬರೆದ ಪುಣ್ಯಾತ್ಮ. ಹೋಮ್ಸ್‌ನ ಮೊದಲ ಕಾದಂಬರಿಯ ಹಕ್ಕು 25 ಪೌಂಡಿಗೆ ಹೋಯಿತು. ಆದರೆ ನನ್ನ ಕ್ಲಿನಿಕ್ಕಿನಲ್ಲಿ ಪೇಷೆಂಟ್ ಇಲ್ಲ ಅಂದರೆ ಕಟ್ಟಡದ ಇಎಂಐ ಕಟ್ಟೋರು ಯಾರು? ಎರಡೇ ತಿಂಗಳಲ್ಲಿ ಆ ದಾರಿ ಬಿಟ್ಟೆ.

ಕಡೆಗೆ ಧೈರ್ಯ ಬಂದದ್ದು ಅನುಪಮಾ ನಿರಂಜನ ಅವರನ್ನು ಮತ್ತೆ ಓದುವಾಗ. ತೀರ್ಥಹಳ್ಳಿಯಲ್ಲಿ 1934ರಲ್ಲಿ ಹುಟ್ಟಿದ ಡಾಕ್ಟರು. ಧಾರವಾಡ, ಬೆಂಗಳೂರಿನಲ್ಲಿ ಪ್ರಾಕ್ಟೀಸ್ ಮಾಡಿದವರು. ಕಾದಂಬರಿಗಳು, ಹೆಂಗಸರ ಆರೋಗ್ಯದ ಪುಸ್ತಕಗಳು, ಸಾಲದ್ದಕ್ಕೆ ದಿನಕ್ಕೊಂದರಂತೆ ವರ್ಷಪೂರ್ತಿ ಆಗುವಷ್ಟು ಮಕ್ಕಳ ಕಥೆಗಳು. ಓದುತ್ತಾ ಓದುತ್ತಾ ಅನ್ನಿಸಿತು, ನಾನು ಕ್ಲಿನಿಕ್ಕಿನಿಂದ ಓಡಿಹೋಗಿ ಬರೆಯಲು ನೋಡುತ್ತಿದ್ದೇನೆ. ಸರಕು ಇರುವುದೇ ಕ್ಲಿನಿಕ್ಕಿನಲ್ಲಿ.

ಪೇಷೆಂಟು ಕುರ್ಚಿಯಲ್ಲಿ ಕೂತು ಹೇಳುವುದು ಒಂದು, ಹೊರಡುವಾಗ ಬಾಗಿಲ ಹತ್ತಿರ ಹೇಳುವುದು ಇನ್ನೊಂದು. ಇದು ಡಾಕ್ಟರುಗಳಿಗೆಲ್ಲ ಗೊತ್ತಿರುವುದೇ. ಒಬ್ಬ ಯಜಮಾನರು ಹತ್ತು ನಿಮಿಷ ಮಂಡಿ ನೋವು ಹೇಳಿದರು. ಮಾತ್ರೆ ಬರೆಸಿಕೊಂಡರು. ಎದ್ದು ಹೋಗಿ ಒಂದು ಕಾಲಿಗೆ ಚಪ್ಪಲಿಯನ್ನೂ ಹಾಕಿದರು. ಆಮೇಲೆ ಪರದೆ ಹಿಡಿದುಕೊಂಡು, "ಡಾಕ್ಟ್ರೇ, ಇನ್ನೊಂದು... ಮಗ ಹೋದ್ಮೇಲೆ ರಾತ್ರಿ ಚಿಲಕ ಹಾಕಕ್ಕೆ ಮನ್ಸು ಬರಲ್ಲ" ಅಂದರು. (ಇದನ್ನೂ ಬದಲಾಯಿಸಿಯೇ ಹೇಳುತ್ತಿದ್ದೇನೆ, ಹುಡುಕಬೇಡಿ.) ಆ ಒಂದು ಮಾತನ್ನಷ್ಟೇ ಹಳೇ ಒಪಿಡಿ ಚೀಟಿಯ (ಹೊರರೋಗಿಗಳ ಚೀಟಿ) ಹಿಂದೆ ಬರೆದಿಟ್ಟೆ. ಹೆಸರಿಲ್ಲ, ಕಾಯಿಲೆ ಇಲ್ಲ, ತಾರೀಖಿಲ್ಲ. ಹದಿನಾಲ್ಕು ತಿಂಗಳಲ್ಲಿ ಸುಮಾರು 400 ಚೀಟಿ ಆದವು. ಎಲ್ಲ ಒಂದು ಖಾಲಿ ಸಲೈನ್ ಪೆಟ್ಟಿಗೆಯಲ್ಲಿ.

ದಿನಾ ಕೊನೇ ಪೇಷೆಂಟ್ ಹೋದ ಮೇಲೆ ಕಣ್ಣು ಮುಚ್ಚಿ ಒಂದು ಚೀಟಿ ತೆಗೆಯುವುದು. ಕಾಂಪೌಂಡರ್ ಶಟರ್ ಎಳೆಯುವ ತನಕ ಬರೆಯುವುದು, ಇಪ್ಪತ್ತು ಇಪ್ಪತ್ತೈದು ನಿಮಿಷ. ಶಟರ್ ಸದ್ದು ಬಂತೋ, ವಾಕ್ಯ ಅರ್ಧವಿದ್ದರೂ ಪೆನ್ನು ಮುಚ್ಚುವುದು. ಮರುದಿನ ಆ ಅರ್ಧ ವಾಕ್ಯ ತಾನೇ ಎಳೆದುಕೊಂಡು ಹೋಗುತ್ತದೆ. ಚೀಟಿಗಳನ್ನು ಆಮೇಲೆ ಯಾವ ಕ್ರಮದಲ್ಲಿ ಜೋಡಿಸಿದೆ ಅನ್ನೋದನ್ನು ಹೇಳಲ್ಲ. ಅದಕ್ಕೆ ನನಗೆ ಒಂದು ವರ್ಷ ಹಿಡಿದಿದೆ.

ಮೊದಲ 80 ಪುಟ ಮನೆಯಾಕೆಗೆ ಕೊಟ್ಟೆ. "ಇದೇನ್ರೀ, ಎಲ್ಲರಿಗೂ ಒಂದೊಂದು ಕಾಯಿಲೆ ಹಂಚಿದ್ದೀರಾ. ಡಿಸ್ಚಾರ್ಜ್ ಸಮ್ಮರಿ ಓದಿದ ಹಾಗಾಯ್ತು" ಅಂದಳು. ಎರಡು ದಿನ ಮಾತಾಡಲಿಲ್ಲ ನಾನು. ಆಮೇಲೆ 80 ಪುಟವನ್ನೂ ಹರಿದೆ. ಅಂದಿನಿಂದ ಕಾಯಿಲೆಯ ಹೆಸರು ಬರೆಯುವುದೇ ನಿಲ್ಲಿಸಿದೆ. ಹಾರ್ಟ್ ಫೇಲ್ಯೂರ್ ಅಂತ ಬರೆಯಲ್ಲ. ಅಜ್ಜಿ ಈಗ ಮೂರು ದಿಂಬು ಇಟ್ಟುಕೊಂಡು ಮಲಗುತ್ತಾಳೆ, ಅಷ್ಟೇ. (ಆ ಕಾಯಿಲೆಯಲ್ಲಿ ತಲೆ ಎತ್ತರಿಸದೆ ಮಲಗಿದರೆ ಉಸಿರು ಕಟ್ಟುತ್ತದೆ.)

ನಡುವೆ ಕಾರಿನಲ್ಲಿ ಹೋಗುತ್ತಾ ಫೋನಿಗೆ ಹೇಳಿ ಬರೆಸುವ ಪ್ರಯೋಗವೂ ಆಯಿತು. ನಾನು ಕೆಮ್ಮು ಅಂದರೆ ಅದು ಕೆಂಪು ಅಂತು. ಒಂದು ಇಡೀ ಅಧ್ಯಾಯದಲ್ಲಿ ಅಜ್ಜ ಕೆಂಪುತ್ತಲೇ ಇದ್ದ.

ಪುಸ್ತಕಕ್ಕೆ ಕಂಪ್ಯೂಟರಿನಲ್ಲಿ ಅಕ್ಷರ ಜೋಡಿಸುವ ಡಿಟಿಪಿಯವರಿಗೆ ನನ್ನ ಅಕ್ಷರ ಒಂದೂ ಓದಲಾಗಲಿಲ್ಲ. ಓದಬಲ್ಲವನು ಊರಿಗೆ ಒಬ್ಬನೇ, ಪಕ್ಕದ ಮೆಡಿಕಲ್ ಶಾಪಿನ ಹುಡುಗ. ಗಂಟೆಗೆ ನೂರು ರೂಪಾಯಿ ಕೊಟ್ಟು ಅವನ ಕೈಲಿ ಗಟ್ಟಿಯಾಗಿ ಓದಿಸಿದೆ, ಡಿಟಿಪಿಯವರು ಟೈಪ್ ಮಾಡಿದರು. ಸಂಜೆ ಹೊತ್ತು ಆರೇಳು ವಾರ ಆಯಿತು. ನನ್ನ ಮೊದಲ ವಿಮರ್ಶಕನೂ ಅವನೇ. "ಸಾರ್, ಆ ಅಜ್ಜಿ ಯಾಕೆ ಸಾಯ್ಬೇಕು? ಲೇಸಿಕ್ಸ್ ಕೊಟ್ಟಿದ್ರೆ ಉಳೀತಿದ್ಲಲ್ಲ" ಅಂದ. ಲೇಸಿಕ್ಸ್ ಅಂದರೆ ಹಾರ್ಟ್ ಫೇಲ್ಯೂರಿನಲ್ಲಿ ಮೈಯಲ್ಲಿ ತುಂಬುವ ನೀರು ಇಳಿಸುವ ಔಷಧ. ನಾನು ಹೆಸರು ಹೇಳದ ಕಾಯಿಲೆ ಅವನಿಗೆ ಮೂರು ದಿಂಬಿನಲ್ಲೇ ಗೊತ್ತಾಗಿತ್ತು. ಅವತ್ತು ನನಗಾದ ಖುಷಿ ಪುಸ್ತಕ ಬಂದ ದಿನವೂ ಆಗಲಿಲ್ಲ.

ಪೇಷೆಂಟಿನ ಗುಟ್ಟು ಹೊರಗೆ ಹೋಗಬಾರದು, ಅದು ನಮ್ಮ ಕಸುಬಿನ ಕಟ್ಟಳೆ. ವಯಸ್ಸು, ಜಾತಿ, ಕೆಲಸ ಬದಲಾಯಿಸಿದರೆ ಸಾಲದು. ನಾನು ಬದಲಾಯಿಸುವುದು ಬೇರೆಯೇ ಒಂದನ್ನು, ಅದೂ ನನ್ನಲ್ಲೇ ಇರಲಿ. ಪುಸ್ತಕ ಬಂದ ಮೇಲೆ ಒಬ್ಬರು ಬಂದು, "ಆ ಸರೋಜಮ್ಮ ಅಂದ್ರೆ ನಮ್ಮ ನಾದಿನೀನೇ ಅಲ್ವಾ ಡಾಕ್ಟ್ರೇ?" ಅಂತ ಕೇಳಿದರು. ಅವರ ನಾದಿನಿಯನ್ನು ನಾನು ಕಂಡೇ ಇಲ್ಲ.

ಪ್ರಕಾಶಕರೊಬ್ಬರು 300 ಪ್ರತಿ ನೀವೇ ಕೊಳ್ಳಬೇಕು ಅಂದರು. ಆ ದುಡ್ಡಿಗೆ ಇನ್ನಷ್ಟು ಸೇರಿಸಿ ನಾನೇ ಅಚ್ಚು ಹಾಕಿಸಿದೆ. ಸಾವಿರ ಪ್ರತಿ, ಎಲ್ಲ ಸೇರಿ 95 ಸಾವಿರದ ಆಸುಪಾಸು. ಬೆಲೆ 200. ಅಂಗಡಿಯವರ ಕಮಿಷನ್ ಕಳೆದು ಇಲ್ಲಿಯವರೆಗೆ 80 ಸಾವಿರ ವಾಪಸ್ ಬಂದಿದೆ. ಮಂಚದ ಕೆಳಗೆ ಇನ್ನೂ ಮುನ್ನೂರು ಚಿಲ್ಲರೆ ಪ್ರತಿ ಇವೆ.

ಹೊಸ ಪೆಟ್ಟಿಗೆಯಲ್ಲಿ ಆಗಲೇ 90 ಚೀಟಿ ಬಿದ್ದಿವೆ. ಮೆಡಿಕಲ್ ಹುಡುಗ ಈ ಸಲ ಗಂಟೆಗೆ ನೂರೈವತ್ತು ಕೇಳುತ್ತಿದ್ದಾನೆ.