‘ಮಕ್ಕಳೇ’ ಅನ್ನೋದು ಬಿಟ್ಟ ಮೇಲೆ

ಒಂದು ಪ್ರಶ್ನೆ ಕೇಳುತ್ತೇನೆ. ಆಮೇಲೆ ಮನಸ್ಸಿನಲ್ಲೇ ಐದು ಎಣಿಸುವ ತನಕ ಕ್ಯಾಮೆರಾ ನೋಡುತ್ತಾ ಸುಮ್ನೆ ಕೂರುತ್ತೇನೆ. ನನ್ನ ಮಕ್ಕಳ ಕಾರ್ಯಕ್ರಮ ಇಷ್ಟು ವರ್ಷ ಉಳಿದದ್ದು ಆ ಐದು ಎಣಿಕೆಯಿಂದ. ಶುರುವಿನಲ್ಲಿ ಇದನ್ನು ನಂಬಿದವರು ಯಾರೂ ಇರಲಿಲ್ಲ. ಎಡಿಟರ್ ಕತ್ತರಿ ಹಾಕಿದ, ಚಾನೆಲ್‌ನವರು ಬೈದರು, ಜಾಹೀರಾತು ಕೊಟ್ಟವರು ವಾಪಸ್ ಹೋದರು. ಈಗ ನಾನೂರು ಕಂತು ದಾಟಿದೆ. ಹೋದ ತಿಂಗಳು ಅದೇ ಎಡಿಟರ್ ಫೋನ್ ಮಾಡಿ ‘ಅಕ್ಕಾ, ಆ ಗ್ಯಾಪ್ ಎಷ್ಟು ಇಡ್ತೀರಿ, ನಮ್ಮ ಹೊಸ ಪ್ರೋಗ್ರಾಂಗೂ ಬೇಕಿತ್ತು’ ಅಂದ. ಸರಿ, ಬರೆದೇ ಬಿಡೋಣ ಅನ್ನಿಸಿತು. ಲೈಟು, ಮೈಕು, ಗ್ರೀನ್ ಮ್ಯಾಟು, ಮಕ್ಕಳ ಕಾರ್ಯಕ್ರಮ ಮಾಡುವ ನಿಮಗೆಲ್ಲ ಗೊತ್ತಿರುವುದೇ. ಅದರ ಸುದ್ದಿಗೆ ಹೋಗಲ್ಲ.

ಈ ದಾರಿ ನನಗೆ ಸಿಕ್ಕಿದ್ದು 1998ರಲ್ಲಿ, ಅಮೆರಿಕದ ಪಿಟ್ಸ್‌ಬರ್ಗ್‌ನಲ್ಲಿ. ಅಕ್ಕನ ಬಾಣಂತನಕ್ಕೆ ಅಂತ ಅಮ್ಮನ ಜೊತೆ ಹೋಗಿದ್ದೆ. ಅಕ್ಕನ ದೊಡ್ಡ ಮಗನಿಗೆ ಆಗ ಮೂರು ವರ್ಷ. ಟಿವಿಯಲ್ಲಿ ಒಬ್ಬರು ತೆಳ್ಳನೆ ಅಜ್ಜ ಬಾಗಿಲು ತೆಗೆದು ಒಳಗೆ ಬರುತ್ತಿದ್ದರು. ಕೋಟು ತೆಗೆದಿಟ್ಟು ಸ್ವೆಟರ್ ಹಾಕಿ ಜಿಪ್ ಎಳೆಯುವರು. ಬೂಟು ಬಿಚ್ಚಿ ಕ್ಯಾನ್ವಾಸ್ ಶೂ ಹಾಕಿ ಲೇಸ್ ಕಟ್ಟುವರು. ನಮ್ಮ ಹುಡುಗ ನೆಲದ ಮೇಲೆ ಕೂತು ತನ್ನ ಕಾಲುಚೀಲ ಎಳೆದೆಳೆದು ಹಾಕಿಕೊಳ್ಳುತ್ತಿದ್ದ. ಅವರು ಏನೋ ಕೇಳಿ ಸುಮ್ಮನಾದರೆ ಇವನು ಉತ್ತರ ಹೇಳುತ್ತಿದ್ದ. ಇವನು ಹೇಳಿ ಮುಗಿಸುವ ಹೊತ್ತಿಗೆ ಸರಿಯಾಗಿ ಅಲ್ಲಿ ಅವರು ತಲೆಯಾಡಿಸುತ್ತಿದ್ದರು. ನಾನಾಗ ಪ್ರೈಮರಿ ಶಾಲೆ ಟೀಚರ್. ನಲವತ್ತು ಮಕ್ಕಳನ್ನು ಕೂಗಿ ಕೂಗಿ ಕೂರಿಸಿದ ಗಂಟಲು ನನ್ನದು. ಹಾಲಿನ ಬಾಟಲಿ ಕೈಯಲ್ಲಿ ಹಿಡಿದುಕೊಂಡು ಬಾಗಿಲಲ್ಲೇ ನಿಂತುಬಿಟ್ಟೆ.

ಅವರು ಫ್ರೆಡ್ ರೋಜರ್ಸ್. ‘ಮಿಸ್ಟರ್ ರೋಜರ್ಸ್ ನೇಬರ್‌ಹುಡ್’ ನಡೆಸುತ್ತಿದ್ದವರು. ಅದು ಆ ಊರಿನದೇ ಕಾರ್ಯಕ್ರಮ ಅಂತ ಭಾವ ಹೇಳಿದರು. ಆಮೇಲೆ ಅವರ ಬಗ್ಗೆ ಸಿಕ್ಕಿದ್ದನ್ನೆಲ್ಲ ಓದಿದೆ, ಇವತ್ತಿಗೂ ಓದುತ್ತೇನೆ. 1928ರಲ್ಲಿ ಪೆನ್ಸಿಲ್ವೇನಿಯಾದ ಲಾಟ್ರೋಬ್‌ನಲ್ಲಿ ಹುಟ್ಟಿದವರು. ಓದಿದ್ದು ಸಂಗೀತ. ಟಿವಿಯಲ್ಲಿ ಒಬ್ಬರ ಮುಖಕ್ಕೆ ಒಬ್ಬರು ಕೇಕು ಕಡುಬು ಎಸೆಯುವುದನ್ನು ನೋಡಿ ಬೇಜಾರಾಗಿ, ಇದನ್ನು ಬೇರೆ ರೀತಿ ಮಾಡಬಹುದಲ್ಲ ಅಂತಲೇ ಟಿವಿಗೆ ಬಂದವರು. ನ್ಯೂಯಾರ್ಕ್‌ನಲ್ಲಿ ಎನ್‌ಬಿಸಿ ಅನ್ನುವ ಟಿವಿ ಕಂಪನಿಯಲ್ಲಿ ಕೆಲಸ ಇತ್ತು. ಅದನ್ನು ಬಿಟ್ಟು 1953ರಲ್ಲಿ ಪಿಟ್ಸ್‌ಬರ್ಗ್‌ನ ಡಬ್ಲ್ಯೂಕ್ಯೂಇಡಿ ಅನ್ನುವ ಸಣ್ಣ ಸ್ಟೇಷನ್‌ಗೆ ಬಂದರು. ಮುಂದಿನ ವರ್ಷ ಶುರುವಾದ ಮಕ್ಕಳ ಕಾರ್ಯಕ್ರಮದಲ್ಲಿ ಜೋಸಿ ಕ್ಯಾರಿ ಮುಂದೆ ನಿಲ್ಲುತ್ತಿದ್ದರು. ಇವರು ಸೆಟ್ಟಿನ ಹಿಂದೆ ಗೊಂಬೆ ಆಡಿಸುತ್ತಿದ್ದರು, ಆರ್ಗನ್ ನುಡಿಸುತ್ತಿದ್ದರು. ಎಲ್ಲ ಲೈವ್. ಗೊಂಬೆಯಿಂದ ಆರ್ಗನ್‌ಗೆ ಓಡುವಾಗ ಬೂಟಿನ ಸದ್ದು ಕೇಳಬಾರದು ಅಂತ ಕ್ಯಾನ್ವಾಸ್ ಶೂ ಹಾಕಿದ್ದು. ಅದೇ ಶೂ ಮುಂದೆ ಅವರ ಗುರುತಾಯಿತು. ಸ್ವೆಟರ್ ಹೆಣೆದವರು ಅವರ ತಾಯಿ.

ಕ್ಯಾಮೆರಾ ಮುಂದೆ ಅವರೇ ಬಂದಿದ್ದು 1963ರಲ್ಲಿ, ಅದೂ ಕೆನಡಾದಲ್ಲಿ. ಆಗ ಅವರಿಗೆ ಮೂವತ್ತೈದು. ನಾನು ಶುರು ಮಾಡಿದಾಗ ನನಗೆ ಮೂವತ್ತಾರು. ‘ಈ ವಯಸ್ಸಲ್ಲಿ ಆ್ಯಂಕರ್ರಾ?’ ಅಂದವರಿಗೆಲ್ಲ ಈ ಲೆಕ್ಕ ಹೇಳಿದ್ದೇನೆ.

ನನ್ನ ಮೊದಲ ಕಂತು 2005ರಲ್ಲಿ, ಮಲೆನಾಡಿನ ನಮ್ಮೂರ ಕೇಬಲ್ ಚಾನೆಲ್‌ನಲ್ಲಿ. ಭಾನುವಾರ ಅರ್ಧ ಗಂಟೆ. ಸ್ಲಾಟಿಗೆ ಅಂತ ನಾನು ಚಾನೆಲ್‌ಗೆ ಕಟ್ಟಿದ್ದು ವಾರಕ್ಕೆ ಸಾವಿರದಿನ್ನೂರು ಇರಬೇಕು. ಪಿಡಿ-170 ಕ್ಯಾಮೆರಾ, ಜೊತೆಗೆ ಹುಡುಗ, ದಿನಕ್ಕೆ ಸಾವಿರದೈನೂರು. ಟೇಪು, ಎಡಿಟಿಂಗ್, ಊಟ, ಆಟೋ ಬೇರೆ. ಪಿಟ್ಸ್‌ಬರ್ಗ್‌ನಲ್ಲಿ ಕಣ್ಣಾರೆ ನೋಡಿದ್ದರೂ ಹಾಗೆ ಮಾಡುವ ಧೈರ್ಯ ನನಗಿರಲಿಲ್ಲ. ಎಲ್ಲರೂ ಹೇಳಿದಂತೆ ಬಣ್ಣದ ಟೋಪಿ ಹಾಕಿದೆ, ‘ಹಾಯ್ ಮಕ್ಕಳೇ! ಹೇಗಿದ್ದೀರಾ? ಜೋರಾಗಿ ಹೇಳಿ!’ ಅಂತ ಕಿರುಚಿದೆ. ಹದಿಮೂರು ಕಂತು ಹೀಗೇ ಹೋಯಿತು. ಅರವತ್ತು ಸಾವಿರಕ್ಕಿಂತ ಜಾಸ್ತಿ ಕೈಬಿಟ್ಟಿತು. ಎರಡೆಳೆ ಸರ ಬ್ಯಾಂಕಿಗೆ ಹೋಯಿತು. ಬಂದ ಪತ್ರ ಐದೋ ಆರೋ, ಅದರಲ್ಲಿ ಎರಡು ನಮ್ಮ ನೆಂಟರದು.

ಆಮೇಲೆ ಒಂದು ವರ್ಷ ಏನೂ ಮಾಡಲಿಲ್ಲ. ಮನೆಯಲ್ಲಿ ಕೂತು ಆ ಹದಿಮೂರು ಟೇಪು ಒಂದೊಂದಾಗಿ ಹಾಕಿ ನೋಡಿದೆ. ತಪ್ಪು ಮೊದಲ ಮಾತಿನಲ್ಲೇ ಇತ್ತು. ‘ಮಕ್ಕಳೇ.’ ಟಿವಿ ಮುಂದೆ ಎಲ್ಲಿ ಮಕ್ಕಳಿದ್ದಾರೆ? ಇರುವುದು ಒಂದು ಮಗು. ಅಡುಗೆಮನೆಯಲ್ಲಿ ಅಮ್ಮ, ಜಗುಲಿಯಲ್ಲಿ ಅಜ್ಜ, ಟಿವಿ ಇರುವ ಕೋಣೆಯಲ್ಲಿ ಇದೊಂದೇ. ರೋಜರ್ಸ್ ಮಾತಾಡುತ್ತಿದ್ದದ್ದು ಆ ಒಂದು ಮಗುವಿನ ಜೊತೆ. ಇಂಗ್ಲಿಷಿನಲ್ಲಿ ಒಬ್ಬರಿಗೂ ಹತ್ತು ಜನಕ್ಕೂ ಒಂದೇ ಪದ, ಹಾಗಾಗಿ ಇದು ಮೇಲ್ನೋಟಕ್ಕೆ ಗೊತ್ತಾಗಲ್ಲ. ಕನ್ನಡದಲ್ಲಿ ‘ನೀನು’ ಅಥವಾ ‘ನೀವು’, ಎರಡರಲ್ಲಿ ಒಂದನ್ನು ಆರಿಸಲೇಬೇಕು. ನಾನು ‘ನೀನು’ ಆರಿಸಿದೆ. ‘ಬಂದ್ಯಾ? ಬಾ, ಕೂತ್ಕೋ’ ಅಂತ ಶುರು ಮಾಡಿದೆ.

ನಮ್ಮ ಭಾಷೆಯಲ್ಲಿ ಇದಕ್ಕೊಂದು ದೊಡ್ಡ ಅನುಕೂಲ ಇದೆ. ‘ನೀನು ಬಂದೆ’ ಅಂದರೆ ಹುಡುಗನೂ ಆಗಬಹುದು, ಹುಡುಗಿಯೂ ಆಗಬಹುದು. ಹಿಂದಿಯಲ್ಲಾದರೆ ಬಂದವನೋ ಬಂದವಳೋ ಅಂತ ಕ್ರಿಯಾಪದದಲ್ಲೇ ತಿಳಿದುಬಿಡುತ್ತದೆ. ಒಂದಕ್ಕೆ ಹೇಳಿದರೆ ಇನ್ನೊಂದು ಹೊರಗೆ ಉಳಿಯುತ್ತದೆ. ನಮಗೆ ಆ ಕಷ್ಟವೇ ಇಲ್ಲ. ಪುಟ್ಟ, ಪುಟ್ಟಿ, ಕಂದಮ್ಮ ಎಲ್ಲ ಬಿಟ್ಟೆ. ಬರೀ ‘ನೀನು’.

ಚಾನೆಲ್ ಯಜಮಾನರಿಗೆ ಇದು ಹಿಡಿಸಲಿಲ್ಲ. ‘ವೀಕ್ಷಕರನ್ನ ಏಕವಚನದಲ್ಲಿ ಕರೀತೀರಲ್ಲ, ನಾಳೆ ಯಾರಾದ್ರೂ ಬಂದು ಗಲಾಟೆ ಮಾಡಿದ್ರೆ?’ ಅಂದರು. ಐದು ಎಣಿಸುವ ಗ್ಯಾಪು ಕಂಡು ಎಡಿಟರ್ ಟೇಪೇ ಕೆಟ್ಟಿದೆ ಅಂತ ತಿಳಿದು ಎಲ್ಲ ಕಡೆ ಕತ್ತರಿಸಿ ಹಾಕಿದ. ಇಪ್ಪತ್ತೆಂಟು ನಿಮಿಷದ ಕಂತು ಇಪ್ಪತ್ತೊಂದಾಯಿತು. ಉಳಿದ ಏಳು ನಿಮಿಷಕ್ಕೆ ಸಿನಿಮಾ ಹಾಡು ಹಾಕಿ ಪ್ರಸಾರ ಮಾಡಿದರು. ಅವತ್ತು ರಾತ್ರಿ ನಾನು ಅತ್ತಿದ್ದು ನಿಜ. ಮುಂದಿನ ವಾರದಿಂದ ಎಡಿಟಿಂಗ್ ಟೇಬಲ್ ಪಕ್ಕ ನಾನೇ ಕುರ್ಚಿ ಹಾಕಿಕೊಂಡು ಕೂತೆ. ಗಂಟೆ ಲೆಕ್ಕದಲ್ಲಿ ದುಡ್ಡು ಹೆಚ್ಚಿಗೆ ಹೋಯಿತು, ಹೋಗಲಿ. ರೋಜರ್ಸ್ ಒಮ್ಮೆ ಟೈಮರ್ ಇಟ್ಟು, ಒಂದು ನಿಮಿಷ ಅಂದರೆ ಎಷ್ಟು ಹೊತ್ತು ಅಂತ ಪೂರ್ತಿ ಒಂದು ನಿಮಿಷ ಸುಮ್ಮನೆ ಕೂತು ತೋರಿಸಿದ್ದಾರೆ. ಅವರದು ಒಂದು ನಿಮಿಷ, ನಾನು ಕೇಳಿದ್ದು ಐದು ಸೆಕೆಂಡು.

ಈ ಸುಮ್ಮನಿರುವುದಕ್ಕೆ ಮಲೆನಾಡಿನಲ್ಲಿ ಇನ್ನೊಂದು ಶತ್ರು ಇದೆ. ನಮ್ಮ ಶೂಟಿಂಗ್ ಜಾಗ ಹಳೇ ಅಡಿಕೆ ಗೋದಾಮು, ಮೇಲೆ ತಗಡು. ಜೂನ್ ಬಂತೆಂದರೆ ಮುಗಿಯಿತು. ಗೋಣಿಚೀಲ ಹಾಸಿದೆವು, ಥರ್ಮೋಕೋಲ್ ಅಂಟಿಸಿದೆವು, ಎಂಟು ಸಾವಿರ ಹೋಯಿತು, ಸದ್ದು ಹೋಗಲಿಲ್ಲ. ಕೊನೆಗೆ ಒಂದು ದಿನ ಮಾತು ನಿಲ್ಲಿಸಿ ‘ಕೇಳಿಸ್ತಾ? ಮಳೆ. ನಿನ್ನ ಮನೆಯಲ್ಲೂ ಬರ್ತಾ ಇದೆಯಾ?’ ಅಂದೆ. ಕಾಲರ್ ಮೈಕ್ ಬಿಚ್ಚಿ ಕೋಲಿಗೆ ಕಟ್ಟಿ ಮಾಡಿನ ಕೆಳಗೆ ಹಿಡಿದೆ. ಆ ವಾರ ಹತ್ತಿರಹತ್ತಿರ ಐವತ್ತು ಕಾರ್ಡು ಬಂತು. ಹಂಚಿನ ಮೇಲೆ ಹೇಗೆ, ಕೊಡೆಯ ಮೇಲೆ ಹೇಗೆ, ಬಾಳೆ ಎಲೆ ಮೇಲೆ ಹೇಗೆ ಅಂತ ಮಕ್ಕಳು ಬರೆದಿದ್ದರು, ಬರೆಯಲು ಬಾರದವರು ಗೆರೆ ಎಳೆದಿದ್ದರು. ಎಂಟಾಣೆ ಕಾರ್ಡು. ಎಲ್ಲ ಇಟ್ಟುಕೊಂಡಿದ್ದೇನೆ.

ಮೈಕ್ ಅಂದಾಗ ನೆನಪಾಯಿತು. ಗಾಜಿನ ಬಳೆ ಹಾಕಿ ಕಾಲರ್ ಮೈಕ್ ಹತ್ತಿರ ಕೈ ಆಡಿಸಬೇಡಿ. ಮೂರು ಕಂತು ಪೂರ್ತಿ ಟಿಣ್ ಟಿಣ್.

ನಡುವೆ ಮಾತನಾಡುವ ಗೊಂಬೆಯ ಹುಚ್ಚೂ ಹತ್ತಿತ್ತು, ಅಂದರೆ ತುಟಿ ಅಲುಗಿಸದೆ ಗೊಂಬೆಯೇ ಮಾತಾಡಿದಂತೆ ಮಾಡುವ ವಿದ್ಯೆ. ರಾಮದಾಸ್ ಪಾಧ್ಯೆ ಅವರ ಗೊಂಬೆ ಅರ್ಧವಟರಾವ್, ನಮ್ಮ ಇಂದುಶ್ರೀ ಅವರ ಗೊಂಬೆ ಡಿಂಕು ನೋಡಿದವರಲ್ವಾ ನಾವು. ಕನ್ನಡಿ ಮುಂದೆ ಎಂಟು ತಿಂಗಳು ಕೂತೆ. ತುಟಿ ಅಲುಗದೆ ಪ, ಬ, ಮ ಬರುವುದಿಲ್ಲ. ಅವುಗಳ ಜಾಗಕ್ಕೆ ತ, ದ, ನ ಜಾಣತನದಿಂದ ತರಬೇಕು. ಆದರೆ ಪುಟ್ಟ ಗೊಂಬೆ ಮೊದಲು ಹೇಳಬೇಕಾದ್ದೇ ಅಮ್ಮ, ಅಪ್ಪ. ನನ್ನ ಬಾಯಲ್ಲಿ ಅಮ್ಮ ‘ಅನ್ನ’ ಆಗುತ್ತಿತ್ತು, ಅಪ್ಪ ‘ಅತ್ತ’ ಆಗುತ್ತಿತ್ತು. ಆ ವಿದ್ಯೆ ಇರುವವರಿಗೆ ಕೈ ಮುಗಿಯುತ್ತೇನೆ. ನಾನು ಬಿಟ್ಟೆ. ತೊಗಲು ಗೊಂಬೆಯನ್ನೂ ಮೂರು ದಿನ ಪ್ರಯತ್ನಿಸಿದೆವು. ಪರದೆ ಬೆಳಕಿಗೆ ಐರಿಸ್, ಅಂದರೆ ಲೆನ್ಸಿನೊಳಗೆ ಎಷ್ಟು ಬೆಳಕು ಬಿಡಬೇಕು ಅನ್ನುವುದನ್ನು, ಹೊಂದಿಸಿದರೆ ಪಕ್ಕದಲ್ಲಿ ಕೂತ ನನ್ನ ಮುಖ ಕಪ್ಪು. ನನ್ನ ಮುಖಕ್ಕೆ ಹೊಂದಿಸಿದರೆ ಪರದೆ ಬೆಳ್ಳಗೆ ಸುಟ್ಟು ಗೊಂಬೆಯ ಬಣ್ಣವೇ ಹೋಗುತ್ತಿತ್ತು. ಆಮೇಲೆ ಅದಕ್ಕೆ ಒಂದು ಉಪಾಯ ಸಿಕ್ಕಿತು. ಅದನ್ನು ಸದ್ಯಕ್ಕೆ ನನ್ನಲ್ಲೇ ಇಟ್ಟುಕೊಳ್ಳುತ್ತೇನೆ.

ಮಾತಿನ ವಿಷಯಕ್ಕೆ ಬರುತ್ತೇನೆ, ಜಾಸ್ತಿ ಹೊತ್ತು ಹೋಗುವುದು ಇದಕ್ಕೇ. ರೋಜರ್ಸ್ ಒಂದೊಂದು ವಾಕ್ಯವನ್ನೂ ಎಷ್ಟು ತೂಗಿ ಬರೆಯುತ್ತಿದ್ದರೆಂದರೆ, ಅವರ ಜೊತೆ ಕೆಲಸ ಮಾಡಿದ ಆರ್ಥರ್ ಗ್ರೀನ್‌ವಾಲ್ಡ್ ಮತ್ತು ಬ್ಯಾರಿ ಹೆಡ್ ಅದಕ್ಕೆ ‘ಫ್ರೆಡಿಶ್’ ಅಂತ ಹೆಸರಿಟ್ಟು, ಆ ಭಾಷೆಗೆ ನಿಯಮಗಳನ್ನೇ ಬರೆದರು. ಮಾರ್ಗರೆಟ್ ಮೆಕ್‌ಫಾರ್ಲಂಡ್ ಅನ್ನುವ ಮಕ್ಕಳ ಮನಶ್ಶಾಸ್ತ್ರಜ್ಞೆಯನ್ನು ರೋಜರ್ಸ್ ವರ್ಷಾನುಗಟ್ಟಲೆ ಕೇಳಿ ಕೇಳಿ ಬರೆದರು. ನನಗೆ ಸಿಕ್ಕವರು ನಮ್ಮ ಬೀದಿಯ ಒಬ್ಬರು ನಿವೃತ್ತ ಅಂಗನವಾಡಿ ಟೀಚರ್. ಪ್ರತಿ ಗುರುವಾರ ಸ್ಕ್ರಿಪ್ಟ್ ಹಿಡಿದು ಅವರ ಜಗುಲಿಗೆ ಹೋಗುತ್ತಿದ್ದೆ. ಒಮ್ಮೆ ‘ಕತ್ತರಿ ಬೇಕಾದ್ರೆ ಅಮ್ಮನ್ನ ಕೇಳು’ ಅಂತ ಬರೆದಿದ್ದೆ. ಅವರು ಪೆನ್ನು ತೆಗೆದುಕೊಂಡು ‘ಅಮ್ಮ’ ಪದಕ್ಕೆ ಸುತ್ತು ಹಾಕಿದರು. ‘ಅಮ್ಮ ಇಲ್ಲದ ಮಗು ಇವತ್ತು ನಿನ್ನ ಪ್ರೋಗ್ರಾಂ ನೋಡಲ್ವಾ?’ ಅಂತ ಕೇಳಿದರು. ಆ ಸಾಲು ‘ಮನೇಲಿ ನಿನ್ನನ್ನ ನೋಡ್ಕೊಳ್ಳೋರನ್ನ ಕೇಳು’ ಅಂತ ಆಯಿತು. ಅಂದಿನಿಂದ ನನ್ನ ಯಾವ ಕಂತಿನಲ್ಲೂ ‘ಅಮ್ಮನ್ನ ಕೇಳು’ ಇಲ್ಲ.

ರೋಜರ್ಸ್ ಮೀನಿಗೆ ಊಟ ಹಾಕುವಾಗ ‘ಈಗ ಮೀನಿಗೆ ಊಟ ಹಾಕ್ತಿದ್ದೀನಿ’ ಅಂತ ಬಾಯಿಬಿಟ್ಟು ಹೇಳುತ್ತಿದ್ದರು. ಕಣ್ಣು ಕಾಣದ ಒಂದು ಹುಡುಗಿಗೆ ಮೀನಿನ ಊಟದ ಚಿಂತೆ ಇತ್ತು ಅನ್ನುವುದೇ ಅದಕ್ಕೆ ಕಾರಣ. ನಾನು ಗಿಡಕ್ಕೆ ನೀರು ಹಾಕುವಾಗ ಹೇಳುತ್ತೇನೆ. ಶುರುವಿನಲ್ಲಿ ನಾನೂ ಸ್ವೆಟರ್ ಹಾಕಿ ನೋಡಿದ್ದೆ, ನಮಗೆ ಒಗ್ಗಲಿಲ್ಲ. ಚಪ್ಪಲಿ ಹೊರಗೆ ಬಿಟ್ಟು, ಚೊಂಬಿನ ನೀರಿನಲ್ಲಿ ಕಾಲು ತೊಳೆದು, ಒರೆಸಿ, ಮಣೆ ಎಳೆದು ಕೂತೆ. ಸರಿಹೋಯಿತು. ಕಾಲು ತೊಳೆಯುವುದನ್ನು ಪೂರ್ತಿ ತೋರಿಸುತ್ತೇನೆ, ನಲವತ್ತು ಸೆಕೆಂಡ್ ಹಿಡಿಯುತ್ತದೆ.

ಜಾಹೀರಾತಿನ ಕಥೆ ಹೇಳದಿದ್ದರೆ ಹೇಗೆ. ಎರಡನೇ ಸಲವೂ ಸಾಲ ಮೇಲಕ್ಕೆ ಹೋಗುತ್ತಿತ್ತು, ಒಟ್ಟು ಒಂದು ಲಕ್ಷದ ಆಸುಪಾಸು. 1969ರ ಮೇ 1ರಂದು ರೋಜರ್ಸ್ ಅಮೆರಿಕದ ಸೆನೆಟ್ ಸಮಿತಿಯ ಮುಂದೆ ಮಾತಾಡಿದ್ದನ್ನು ಓದಿದ್ದೆ. ಸಾರ್ವಜನಿಕ ಟಿವಿಯ ದುಡ್ಡು ಕಡಿತ ಆಗುವುದರಲ್ಲಿತ್ತು. ಆರೇಳು ನಿಮಿಷ, ಟಿವಿಯಲ್ಲಿ ಹೇಗೋ ಹಾಗೇ, ನಿಧಾನಕ್ಕೆ ಮಾತಾಡಿದರು. ಕೋಪ ಬಂದಾಗ ಏನು ಮಾಡಬೇಕು ಅಂತ ಮಕ್ಕಳಿಗೆ ಹೇಳಿಕೊಡುವ ಹಾಡಿನ ಸಾಲು ಹೇಳಿದರು. ಕೇಳಿದ ಸೆನೆಟರ್ ಪಾಸ್ಟೋರ್, ನಿಮ್ಮ ಎರಡು ಕೋಟಿ ಡಾಲರ್ ನಿಮಗೆ ಸಿಕ್ಕ ಹಾಗೇ ಅಂದುಬಿಟ್ಟರು. ನಾನೂ ಜಾಹೀರಾತು ಕೇಳಲು ಊರಿನ ಪುಸ್ತಕದ ಅಂಗಡಿಯವರ ಬಳಿ ಹೋದಾಗ ಕಾರ್ಯಕ್ರಮದ ಸಿಡಿ ತೋರಿಸುವುದನ್ನು ಬಿಟ್ಟೆ. ‘ನೀವು ಚಿಕ್ಕವರಿದ್ದಾಗ ಯಾವುದಕ್ಕೆ ಹೆದರ್ತಿದ್ರಿ?’ ಅಂತ ಕೇಳಿದೆ. ಐದು ಎಣಿಸಿದೆ. ಅವರು ಗಲ್ಲಾಪೆಟ್ಟಿಗೆ ಮುಚ್ಚಿ, ಬಾವಿಕಟ್ಟೆಯ ಕತ್ತಲೆ ಬಗ್ಗೆ ಕಾಲು ಗಂಟೆ ಮಾತಾಡಿದರು. ಆಮೇಲೆ ಮೂರು ವರ್ಷ, ಕಂತಿಗೆ ಎರಡು ಸಾವಿರದಂತೆ ಕೊಟ್ಟರು. ಸರ ಬಿಡಿಸಿಕೊಂಡು ಬಂದೆ.

ಇದು ಕೆಲಸ ಮಾಡುತ್ತದೆ ಅಂತ ನಾನು ಕಣ್ಣಾರೆ ನೋಡಿದ್ದು 2009ರ ಹೊತ್ತಿಗೆ, ಒಂದು ತೋಟದ ಮನೆಯಲ್ಲಿ. ಭಾನುವಾರ ಯಾವುದೋ ಪೂಜೆಗೆ ಹೋಗಿದ್ದೆ. ಒಳಗಿನ ಕೋಣೆಯಲ್ಲಿ ನನ್ನದೇ ದನಿ ಕೇಳಿಸಿತು. ಬಾಗಿಲ ಸಂದಿಯಿಂದ ನೋಡಿದೆ. ನಾಲ್ಕು ವರ್ಷದ ಹುಡುಗಿ, ಟಿವಿಯಿಂದ ಎರಡಡಿ ದೂರ. ಪಕ್ಕದಲ್ಲಿ ಒಂದು ಮಣೆ ಹಾಕಿಕೊಂಡಿದ್ದಾಳೆ, ಪಾದ ಒದ್ದೆ. ಟಿವಿಯೊಳಗೆ ನಾನು ‘ಇವತ್ತು ನಿಂಗೆ ಯಾರ ಮೇಲಾದ್ರೂ ಸಿಟ್ಟು ಬಂತಾ?’ ಅಂತ ಕೇಳಿ ಸುಮ್ಮನಾದೆ. ಒಂದು, ಎರಡು. ಅವಳು ಬಾಗಿಲ ಕಡೆ ಒಮ್ಮೆ ನೋಡಿ, ಟಿವಿ ಹತ್ತಿರ ಬಾಗಿ, ಮೆಲ್ಲಗೆ ‘ಹೊಸ ಪಾಪು ಮೇಲೆ’ ಅಂದಳು. ಐದಕ್ಕೆ ಸರಿಯಾಗಿ ನಾನು ಅಲ್ಲಿ ತಲೆಯಾಡಿಸಿದೆ. ಮನೆಯವರ ಕಣ್ಣಿಗೆ ಬೀಳದಂತೆ ಹಿತ್ತಲಿಗೆ ಹೋಗಿ ಸ್ವಲ್ಪ ಹೊತ್ತು ನಿಂತೆ.

2020ರ ಲಾಕ್‌ಡೌನ್‌ನಲ್ಲಿ ಹಳೇ ಟೇಪುಗಳನ್ನು ಯೂಟ್ಯೂಬಿಗೆ ಹಾಕಿದೆ. ಮಲೆನಾಡಿನ ತೇವಕ್ಕೆ ಮೂರರಲ್ಲಿ ಒಂದು ಟೇಪಿಗೆ ಬೂಷ್ಟು ಹಿಡಿದಿತ್ತು, ಉಳಿದದ್ದು ಬಂತು. ಅದೇ ವರ್ಷ ಜನವರಿಯಿಂದ ಮಕ್ಕಳ ವಿಡಿಯೋಗಳಿಗೆ ಕಾಮೆಂಟ್ ಬಂದ್ ಆಗಿತ್ತು, ಜಾಹೀರಾತಿನ ದುಡ್ಡೂ ಕಡಿಮೆ. ನೀವೆಲ್ಲ ಅನುಭವಿಸಿದ್ದೇ. ನಾನು ಮತ್ತೆ ಕಾರ್ಡಿಗೆ ಹೋದೆ, ಜೊತೆಗೆ ವಾಟ್ಸ್ಯಾಪ್ ವಾಯ್ಸ್. ದುಬೈಯಿಂದ, ಮುಂಬೈಯಿಂದ, ಒಮ್ಮೆ ಪಿಟ್ಸ್‌ಬರ್ಗ್‌ನಿಂದಲೂ ಮಕ್ಕಳು ‘ಬಂದೆ’ ಅಂತ ಉತ್ತರ ಕಳಿಸಿದ್ದಾರೆ. ಈಗ ತಿಂಗಳಿಗೆ ಖರ್ಚು ಕಳೆದು ಮೂವತ್ತು, ಒಳ್ಳೇ ತಿಂಗಳಲ್ಲಿ ನಲವತ್ತು ಸಾವಿರ ಉಳಿಯುತ್ತದೆ. ಪೆನ್ಶನ್ ಜೊತೆ ಸೇರಿ ಚೆನ್ನಾಗಿಯೇ ಇದೆ.

ಲೆನ್ಸಿನೊಳಗೆ ಕಣ್ಣು ಎಲ್ಲಿ ನೆಡುತ್ತೇನೆ ಅಂತ ಬಹಳ ಜನ ಕೇಳುತ್ತಾರೆ. ಅದನ್ನು ಬರೆದು ಹೇಳಲು ಆಗುವುದಿಲ್ಲ. ಬಂದು ಪಕ್ಕದಲ್ಲಿ ಕೂತರೆ ತೋರಿಸುತ್ತೇನೆ. ಮುಂದಿನ ಶೂಟಿಂಗ್ ಜುಲೈಯಲ್ಲಿ, ಅದೇ ಗೋದಾಮಿನಲ್ಲಿ, ಅದೇ ತಗಡಿನ ಕೆಳಗೆ. ತಗಡು ಬದಲಾಯಿಸೋಣವಾ ಅಂತ ಗೋದಾಮಿನ ಯಜಮಾನರು ಕೇಳಿದ್ದರು. ಬೇಡ ಅಂದಿದ್ದೇನೆ.