ಬ್ಲ್ಯಾಕ್ ಸಬ್ಬತ್‌ನ ಮೊದಲ ಆಲ್ಬಮ್ಮನ್ನು ಹೈ-ರೆಸ್‌ನಲ್ಲಿ ಕೇಳುವುದು ಹೇಗೆ

ಡಿಜಿಟಲ್ ಫೈಲನ್ನು ಸದ್ದಾಗಿಸುವ ಡ್ಯಾಕ್, ಗುಣಮಟ್ಟ ಕೆಡದಂತೆ ಕುಗ್ಗಿಸಿದ ಫ್ಲ್ಯಾಕ್ ಫೈಲು ಎಲ್ಲ ಆಮೇಲೆ, ಮೊದಲು ಫ್ಯಾನ್ ಆರಿಸಿ. ಬ್ರಿಟನ್ನಿನ ಈ ಹೆವಿ ಮೆಟಲ್ ಬ್ಯಾಂಡಿನ ಆಲ್ಬಮ್ ಶುರುವಾಗುವುದೇ ಮಳೆ, ಗುಡುಗು, ದೂರದ ಚರ್ಚಿನ ಗಂಟೆಯಿಂದ. ಫ್ಯಾನ್ ತಿರುಗುತ್ತಿದ್ದರೆ ಗಂಟೆಯ ನಾದ ಎಲ್ಲಿ ಮುಗಿಯಿತು ಅಂತಲೇ ಗೊತ್ತಾಗುವುದಿಲ್ಲ. ಏಪ್ರಿಲ್‌ನ ಹುಬ್ಬಳ್ಳಿ ಸೆಕೆಯಲ್ಲಿ ಇದು ಕಷ್ಟ, ಹಾಗಾಗಿ ತಡರಾತ್ರಿ ಕೂರಿ, ಇಲ್ಲಾ ಧಾರವಾಡದ ಜುಲೈ ಸಂಜೆಗೆ ಕಾಯಿರಿ, ಆಗಲೂ ಕಿಟಕಿ ಮುಚ್ಚಿರಲಿ.

ಈಗ ಫೈಲು. ಸಿಡಿ ಅಂದರೆ 16 ಬಿಟ್, 44.1 ಕಿಲೋಹರ್ಟ್ಸ್. ಬಿಟ್ ಅಂದರೆ ಸದ್ದಿನ ಪ್ರತಿ ಅಳತೆ ಎಷ್ಟು ಸೂಕ್ಷ್ಮ ಅನ್ನುವುದು, ಕಿಲೋಹರ್ಟ್ಸ್ ಅಂದರೆ ಇಲ್ಲಿ ಸೆಕೆಂಡಿಗೆ ಎಷ್ಟು ಸಾವಿರ ಸಲ ಅಳೆದಿದ್ದಾರೆ ಅನ್ನುವುದು. ಹೈ-ರೆಸ್ ಅಂದರೆ ಸಾಮಾನ್ಯವಾಗಿ 24 ಬಿಟ್, 96 ಅಥವಾ 192. ಸುಮ್ನೆ ದೊಡ್ಡ ನಂಬರಿನ ಹಿಂದೆ ಬೀಳಬೇಡಿ. ನಮ್ಮ ಕಿವಿಗೆ ಕೇಳುವುದು ಹೆಚ್ಚೆಂದರೆ 20 ಕಿಲೋಹರ್ಟ್ಸ್‌ವರೆಗೆ, ಅದರ ಎರಡರಷ್ಟಕ್ಕಿಂತ ತುಸು ಜಾಸ್ತಿ ಸಲ ಅಳೆದರೆ ಆಯಿತು, ಅಷ್ಟಕ್ಕೆ ಸಿಡಿಯೇ ಸಾಕು. ವ್ಯತ್ಯಾಸ ಇರುವುದು ಮಾಸ್ಟರಿಂಗ್‌ನಲ್ಲಿ, ಅಂದರೆ ಬಿಡುಗಡೆಗೆ ಮುಂಚೆ ಸದ್ದನ್ನು ಕೊನೆಯದಾಗಿ ಹದ ಮಾಡುವ ಕೆಲಸದಲ್ಲಿ. ಕೆಲವು ರೀಮಾಸ್ಟರ್‌ಗಳಲ್ಲಿ ಸಣ್ಣ ಸದ್ದನ್ನು ಎತ್ತಿ, ದೊಡ್ಡದನ್ನು ಒತ್ತಿ, ಎಲ್ಲ ಒಂದೇ ಮಟ್ಟಕ್ಕೆ ತಂದಿರುತ್ತಾರೆ. ಅಂಥದ್ದು 24 ಬಿಟ್ ಇದ್ದರೂ ದಂಡ. ಎರಡು ಆವೃತ್ತಿ ಹಾಕಿ, ಜೋರಾಗಿರುವುದರ ವಾಲ್ಯೂಮ್ ಇಳಿಸಿ, ಎರಡನ್ನೂ ಸಮ ಮಾಡಿ ಕೇಳಿ. ಯಾಕಂದರೆ ಜೋರಿದ್ದದ್ದೇ ಚೆನ್ನಾಗಿದೆ ಅಂತ ಕಿವಿ ಮೋಸ ಹೋಗುತ್ತದೆ. ಸಮ ಮಾಡಿದ ಮೇಲೆ ಬಿಲ್ ವಾರ್ಡ್‌ನ ಡ್ರಮ್ ಏಟು ಯಾವುದರಲ್ಲಿ ಎದ್ದು ಬರುತ್ತದೋ ಅದನ್ನೇ ಇಟ್ಟುಕೊಳ್ಳಿ.

ಬ್ಲೂಟೂತ್ ಬೇಡ. ಕುಗ್ಗಿಸದ 24/96 ಸ್ಟೀರಿಯೊಗೆ ಸೆಕೆಂಡಿಗೆ 4,608 ಕಿಲೋಬಿಟ್ ಬೇಕು, ಬ್ಲೂಟೂತ್‌ನಲ್ಲಿ ಸದ್ದನ್ನು ಕುಗ್ಗಿಸಿ ಕಳಿಸುವ ಎಲ್‌ಡಿಎಸಿ ವಿಧಾನ ಕೊಡುವುದು ಹೆಚ್ಚೆಂದರೆ 990. ವೈರ್ ಇರುವ ಹೆಡ್‌ಫೋನ್, ಫೋನಿಗೆ ಒಂದು ಚಿಕ್ಕ ಯುಎಸ್‌ಬಿ ಡ್ಯಾಕ್ ಸಾಕು. ಹುಬ್ಬಳ್ಳಿಯ ಕೊಪ್ಪಿಕರ್ ರೋಡಿನಲ್ಲಿ ತಗೊಳ್ಳುವುದಾದರೆ ಡಬ್ಬಿ ಮೇಲೆ 24 ಬಿಟ್, 96 ಅಂತ ಬರೆದಿದೆಯಾ ನೋಡಿಯೇ ದುಡ್ಡು ಕೊಡಿ. ಆಂಡ್ರಾಯ್ಡ್ ಫೋನ್‌ಗಳು ಸಾಮಾನ್ಯವಾಗಿ ಎಲ್ಲವನ್ನೂ 48 ಕಿಲೋಹರ್ಟ್ಸ್‌ಗೆ ಇಳಿಸಿಬಿಡುತ್ತವೆ. ಅದನ್ನು ತಪ್ಪಿಸಲು ಯುಎಸ್‌ಬಿ ಆಡಿಯೊ ಪ್ಲೇಯರ್ ಪ್ರೊ ಥರದ ಆಪ್ ಬೇಕು. ಬಾಸ್ ಬೂಸ್ಟ್, ಈಕ್ವಲೈಸರ್ ಎಲ್ಲ ಆಫ್.

ಇನ್ನು ಕೇಳುವುದು. ಗಂಗೂಬಾಯಿ ಹಾನಗಲ್, ಭೀಮಸೇನ ಜೋಶಿ ಅವರನ್ನು ಕೇಳಿ ಬೆಳೆದ ಸೀಮೆಯವರಿಗೆ ಇಲ್ಲಿ ನಿಜಕ್ಕೂ ಅನುಕೂಲ ಜಾಸ್ತಿ. ಮೊದಲ ಹಾಡಿನ ರಿಫ್, ಅಂದರೆ ಮತ್ತೆ ಮತ್ತೆ ಬರುವ ಗಿಟಾರ್ ತುಣುಕು, ಮೂರೇ ಸ್ವರ: ಕೆಳಗಿನ ಸಾ, ಮೇಲಿನ ಸಾ, ಅಲ್ಲಿಂದ ಇಳಿದು ತೀವ್ರ ಮ. ಗಿಟಾರ್ ನುಡಿಸುವ ಟೋನಿ ಅಯೋಮಿ ಆ ತೀವ್ರ ಮಧ್ಯಮವನ್ನು ನಡುಗಿಸುತ್ತಾನೆ, ಈಗ ಪಂಚಮ ಬರುತ್ತದೆ ಅಂತ ನಾವು ಕಾಯುತ್ತೇವೆ, ಆದರೆ ರಿಫ್ ಮತ್ತೆ ಕೆಳಗಿನ ಸಾಗೇ ಬಂದು ಬೀಳುತ್ತದೆ. ಭಯ ಹುಟ್ಟುವುದು ಅಲ್ಲೇ. ಕಾರ್ಖಾನೆಯಲ್ಲಿ ಬಲಗೈಯ ಎರಡು ಬೆರಳ ತುದಿ ಕಳೆದುಕೊಂಡು, ತಾನೇ ಮಾಡಿಕೊಂಡ ಪ್ಲಾಸ್ಟಿಕ್ ಟೊಪ್ಪಿಗೆ ಹಾಕಿ ಅದೇ ಕೈಯಲ್ಲಿ ತಂತಿ ಒತ್ತಿದ ಮನುಷ್ಯ ಅವನು!

1969ರ ಅಕ್ಟೋಬರ್‌ನಲ್ಲಿ ಲಂಡನ್‌ನ ರೀಜೆಂಟ್ ಸೌಂಡ್ ಸ್ಟುಡಿಯೊದಲ್ಲಿ ಬ್ಯಾಂಡಿನ ನಾಲ್ವರೂ ಒಂದೇ ದಿನದಲ್ಲಿ, ಹೆಚ್ಚೂಕಡಿಮೆ ಬೈಠಕ್‌ನಲ್ಲಿ ಕೂತು ನುಡಿಸಿದ ಹಾಗೆ ನುಡಿಸಿದ್ದು ಇದು. ಟೇಪಿನ ಸಣ್ಣ ಬುಸುಬುಸು ಕೇಳಿದರೆ ಗಾಬರಿ ಬೇಡ. ಅದನ್ನು ಪೂರ್ತಿ ಒರೆಸಲು ಹೋದರೆ ಸಿಂಬಲ್ಲಿನ ಕೊನೆಯ ಝೇಂಕಾರವೂ ಅದರ ಜೊತೆ ಹೋಗುತ್ತದೆ. ‘ದಿ ವಿಝರ್ಡ್’ನಲ್ಲಿ ಹಾಡುಗಾರ ಓಜಿ ಆಸ್ಬರ್ನ್‌ನ ಮೌತ್ ಆರ್ಗನ್, ‘ಎನ್.ಐ.ಬಿ.’ ಮುಂಚೆ ಗೀಜರ್ ಬಟ್ಲರ್‌ನ ಒಂಟಿ ಬಾಸ್, ಎರಡನ್ನೂ ಬಿಡಬೇಡಿ.

ಕೊಳ್ಳುವ ಮುಂಚೆ ಹಾಡಿನ ಪಟ್ಟಿ ನೋಡಿ. 1970ರ ಬ್ರಿಟನ್ ಆವೃತ್ತಿಯಲ್ಲಿ ‘ಈವಿಲ್ ವುಮನ್’ ಇದೆ, ಅಮೆರಿಕದ್ದರಲ್ಲಿ ಅದರ ಬದಲು ‘ವಿಕೆಡ್ ವರ್ಲ್ಡ್’. ಎರಡೂ ಇರುವ ಆವೃತ್ತಿ ಸಿಕ್ಕರೆ ಅದನ್ನೇ ತಗೊಳ್ಳಿ.