ಲಿಲೊ ಮತ್ತು ಸ್ಟಿಚ್: ಪಾತ್ರಗಳನ್ನು ಅರಿಯಲು ಎಲ್ಲಿಂದ ಆರಂಭಿಸಬೇಕು

ಸ್ಟಿಚ್‌ನ ಮುಖ ಗೊತ್ತಿಲ್ಲದವರು ಈಗ ಕಡಿಮೆ. ನೀಲಿ ಮೈ, ಅಗಲ ಕಿವಿ, ಬಾಯಿ ತುಂಬ ಹಲ್ಲು. ಗೊಂಬೆ, ಚೀಲ, ಅಂಗಿ, ಪೆನ್ಸಿಲ್ ಡಬ್ಬಿ ಎಲ್ಲದರ ಮೇಲೂ ಅವನಿದ್ದಾನೆ. ಆದರೆ ಅವನು ಯಾರ ಮನೆಯಲ್ಲಿ ಇರುತ್ತಾನೆ, ಆ ಮನೆಯಲ್ಲಿ ಅಪ್ಪ ಅಮ್ಮ ಏಕಿಲ್ಲ, ಅವನನ್ನು ಹಿಡಿಯಲು ಬಂದವರು ಅದೇ ಮನೆಯಲ್ಲಿ ಉಳಿದುಕೊಂಡದ್ದು ಹೇಗೆ ಎಂದು ಕೇಳಿದರೆ ಉತ್ತರಿಸುವವರು ಅಷ್ಟು ಮಂದಿ ಸಿಗುವುದಿಲ್ಲ. ‘ಲಿಲೊ ಮತ್ತು ಸ್ಟಿಚ್’ ಎಂಬ ಈ ಕಾರ್ಟೂನ್ ಸರಣಿಯ ಪಾತ್ರಗಳನ್ನು ಹೊಸದಾಗಿ ಪರಿಚಯ ಮಾಡಿಕೊಳ್ಳುವವರಿಗೂ, ಮಕ್ಕಳ ಜೊತೆಯಲ್ಲಿ ಅರೆಮನಸ್ಸಿನಿಂದ ನೋಡಿ ಈಗ ಸರಿಯಾಗಿ ತಿಳಿಯಬೇಕೆನ್ನುವವರಿಗೂ ಒಂದು ದಾರಿಯನ್ನು ಇಲ್ಲಿ ಹೇಳುತ್ತೇನೆ. ಬಾಹ್ಯಾಕಾಶದಿಂದ ಬಂದ ಸ್ಟಿಚ್‌ನಿಂದ ಆರಂಭಿಸಬೇಡಿ, ಅವನನ್ನು ಮನೆಗೆ ತಂದ ಪುಟ್ಟ ಹುಡುಗಿ ಲಿಲೊಳ ಅಕ್ಕ ನಾನಿಯಿಂದ ಆರಂಭಿಸಿ ಎಂಬುದು ನನ್ನ ಮೊದಲ ಸಲಹೆ.

ಅದಕ್ಕೂ ಮುನ್ನ ನೋಡುವ ಕ್ರಮವನ್ನು ಸರಿಪಡಿಸಿಕೊಳ್ಳಬೇಕು, ಏಕೆಂದರೆ ಬಿಡುಗಡೆಯ ವರ್ಷವೂ ಕಥೆಯ ಕಾಲವೂ ಇಲ್ಲಿ ಒಂದಕ್ಕೊಂದು ಹೊಂದುವುದಿಲ್ಲ. ಕ್ರಿಸ್ ಸ್ಯಾಂಡರ್ಸ್ ಮತ್ತು ಡೀನ್ ಡಿಬ್ಲೊಯಿಸ್ ನಿರ್ದೇಶಿಸಿದ 2002ರ ‘ಲಿಲೊ ಆ್ಯಂಡ್ ಸ್ಟಿಚ್’ ಎಲ್ಲಕ್ಕೂ ಮೂಲ. ಅದನ್ನು ಎರಡು ಸಲ ನೋಡಬೇಕು. ಅದರ ನಂತರ 2005ರ ‘ಸ್ಟಿಚ್ ಹ್ಯಾಸ್ ಎ ಗ್ಲಿಚ್’ ನೋಡಿ. ಅದು ತಡವಾಗಿ ಬಂದರೂ ಅದರ ಕಥೆ ಮೊದಲ ಚಿತ್ರದ ಬೆನ್ನಿಗೇ ನಡೆಯುತ್ತದೆ. ಆಮೇಲೆ 2003ರ ‘ಸ್ಟಿಚ್! ದ ಮೂವಿ’, ಅದರಿಂದ ಹೊರಟ 65 ಕಂತುಗಳ ದೂರದರ್ಶನ ಸರಣಿ, ಕೊನೆಗೆ ಆ ಸರಣಿಗೆ ತೆರೆ ಎಳೆದ 2006ರ ‘ಲೆರಾಯ್ ಆ್ಯಂಡ್ ಸ್ಟಿಚ್’. 2008ರಲ್ಲಿ ಆರಂಭವಾದ ಜಪಾನಿ ಸರಣಿಯಲ್ಲಿ ಸ್ಟಿಚ್ ಒಕಿನಾವದ ಕಡೆಯ ಒಂದು ಕಲ್ಪಿತ ದ್ವೀಪದಲ್ಲಿ ಯುನಾ ಎಂಬ ಹುಡುಗಿಯ ಜೊತೆ ಇರುತ್ತಾನೆ. 2017ರ ಚೀನೀ ಸರಣಿಯಲ್ಲಿ ಆಯಿ ಎಂಬ ಹುಡುಗಿಯ ಜೊತೆ ಇರುತ್ತಾನೆ. ಇವೆರಡನ್ನೂ ಬೇರೆಯಾಗಿಯೇ ಇಟ್ಟುಕೊಂಡರೆ ಗೊಂದಲ ತಪ್ಪುತ್ತದೆ. 2025ರಲ್ಲಿ ನಟನಟಿಯರನ್ನು ಇಟ್ಟು ತೆಗೆದ ಚಿತ್ರವನ್ನು ಎಲ್ಲಕ್ಕಿಂತ ಕೊನೆಗೆ ನೋಡಿ.

ಮೊದಲ ಸಲ ನೋಡುವಾಗ ಏನನ್ನೂ ಬರೆದುಕೊಳ್ಳಬೇಡಿ. ನಗು ಬಂದಲ್ಲಿ ನಕ್ಕು, ಅಳು ಬಂದಲ್ಲಿ ಅತ್ತು ಮುಗಿಸಿ. ಎರಡನೆಯ ಸಲ ಕಣ್ಣು ನಾನಿಯ ಮೇಲಿರಲಿ. ಅವಳು ಲಿಲೊಳ ಅಕ್ಕ, ಹದಿಹರೆಯವನ್ನು ಆಗಷ್ಟೇ ದಾಟುತ್ತಿರುವ ಹುಡುಗಿ. ಕಾರು ಅಪಘಾತದಲ್ಲಿ ತಂದೆ ತಾಯಿ ತೀರಿಹೋದ ಮೇಲೆ ತಂಗಿಯ ಹೊಣೆಯನ್ನು ಹೊತ್ತವಳು. ಮಕ್ಕಳ ಕಲ್ಯಾಣ ಇಲಾಖೆಯ ಅಧಿಕಾರಿ ಕೋಬ್ರಾ ಬಬಲ್ಸ್ ಮೊದಲ ಸಲ ಮನೆಗೆ ಬರುವ ದೃಶ್ಯವನ್ನು ಗಮನಿಸಿ. ಲಿಲೊ ಬಾಗಿಲಿಗೆ ಮೊಳೆ ಹೊಡೆದು ಒಳಗೆ ಎಲ್ವಿಸ್ ಪ್ರೆಸ್ಲಿಯ ಹಾಡು ಹಾಕಿಕೊಂಡು ಕುಳಿತಿದ್ದಾಳೆ. ನಾನಿ ಹೊರಗಿನಿಂದ ಬೇಡುತ್ತಾಳೆ, ಬೆದರಿಸುತ್ತಾಳೆ, ಹಿಂದೆಯೇ ಬಂದು ನಿಂತ ಅಧಿಕಾರಿಗೆ ಎಲ್ಲವೂ ಸರಿಯಾಗಿದೆ ಎಂದು ಹಲ್ಲು ಕಿರಿಯುತ್ತಾಳೆ, ಹೇಗೋ ನುಸುಳಿ ಒಳಹೋಗುತ್ತಾಳೆ. ಆತ ಹೊರಟುಹೋದ ಮೇಲೆ ಅಕ್ಕ ತಂಗಿಯರ ನಡುವೆ ದೊಡ್ಡ ಜಗಳವೇ ಆಗುತ್ತದೆ, ಇಬ್ಬರೂ ತಮ್ಮ ತಮ್ಮ ಕೋಣೆಗೆ ಹೋಗಿ ದಿಂಬಿಗೆ ಮುಖ ಒತ್ತಿಕೊಂಡು ಕಿರಿಚುತ್ತಾರೆ. ಸ್ವಲ್ಪ ಹೊತ್ತಿನ ಬಳಿಕ ರಾಜಿಯಾಗುವಾಗ ಲಿಲೊ, ತನಗೆ ಅಮ್ಮನ ಪಾತ್ರದ ನಾನಿಗಿಂತ ಅಕ್ಕನಾಗಿರುವ ನಾನಿಯೇ ಇಷ್ಟ ಎನ್ನುತ್ತಾಳೆ. ಅಕ್ಕನಾಗಿಯೇ ಉಳಿದರೆ ತಂಗಿಯನ್ನು ಇಲಾಖೆಯವರು ಕರೆದೊಯ್ಯುತ್ತಾರೆ. ಅಮ್ಮನಾದರೆ ತಂಗಿಯೇ ದೂರವಾಗುತ್ತಾಳೆ. ಈ ಇಕ್ಕಟ್ಟನ್ನು ಹಿಡಿದುಕೊಂಡರೆ ಮುಂದಿನ ಎಲ್ಲ ಪಾತ್ರಗಳೂ ತಮ್ಮ ತಮ್ಮ ಜಾಗದಲ್ಲಿ ಕೂರುತ್ತವೆ, ಏಕೆಂದರೆ ಬಾಹ್ಯಾಕಾಶದಿಂದ ಬಂದವರೆಲ್ಲರೂ ಈ ಇಕ್ಕಟ್ಟನ್ನು ಬಿಗಿಗೊಳಿಸುವವರು ಅಥವಾ ಸಡಿಲಿಸುವವರು. ಸ್ಟಿಚ್ ಬಂದ ಮೇಲೆ ನಾನಿ ಕೆಲಸ ಕಳೆದುಕೊಳ್ಳುತ್ತಾಳೆ; ಹೊಸ ಕೆಲಸ ಕೇಳಲು ಹೋದಲ್ಲೆಲ್ಲ ಅವನ ಹಾವಳಿಯಿಂದ ಅದೂ ತಪ್ಪುತ್ತದೆ. ಕಡೆಗೆ ಅವಳ ಗೆಳೆಯ ಡೇವಿಡ್ ಒಂದು ಕೆಲಸದ ಸುದ್ದಿ ತಂದು ಅವಳನ್ನು ಕರೆದುಕೊಂಡು ಹೋದ ಹೊತ್ತಿನಲ್ಲೇ ಮನೆ ನಾಶವಾಗುತ್ತದೆ.

ಲಿಲೊಳನ್ನು ಅರಿಯಲು ಒಂದು ಮೀನು ಸಾಕು. ಹುಲಾ ನೃತ್ಯದ ತರಗತಿಗೆ ಅವಳು ಮೈಯೆಲ್ಲ ಒದ್ದೆಯಾಗಿ ತಡವಾಗಿ ಬರುತ್ತಾಳೆ. ಕಾರಣ ಕೇಳಿದರೆ, ಪ್ರತಿ ಗುರುವಾರ ತಾನು ಪಡ್ಜ್ ಎಂಬ ಮೀನಿಗೆ ಕಡಲೆಕಾಯಿ ಬೆಣ್ಣೆ ಹಚ್ಚಿದ ಬ್ರೆಡ್ ಕೊಡುವುದಾಗಿಯೂ, ಇಂದು ಮನೆಯಲ್ಲಿ ಆ ಬೆಣ್ಣೆ ಮುಗಿದು ಟ್ಯೂನಾ ಮಾತ್ರ ಉಳಿದಿತ್ತೆಂದೂ, ಮೀನಿಗೆ ಮೀನನ್ನೇ ತಿನ್ನಿಸುವುದು ಮಹಾಪಾಪವೆಂದು ಅಂಗಡಿಗೆ ಓಡಿದ್ದರಿಂದ ತಡವಾಯಿತೆಂದೂ ಹೇಳುತ್ತಾಳೆ. ಅದಕ್ಕೇಕೆ ಇಷ್ಟು ಮಹತ್ವ ಎಂದು ಕೇಳಿದಾಗ, ಹವಾಮಾನವನ್ನು ನಡೆಸುವವನು ಪಡ್ಜ್ ಎಂಬ ಉತ್ತರ ಬರುತ್ತದೆ. ನಾನು ಮೊದಲ ಸಲ ನೋಡಿದಾಗ ಇದನ್ನು ಮಗುವಿನ ಹುಚ್ಚಾಟವೆಂದು ನಕ್ಕು ಬಿಟ್ಟಿದ್ದೆ. ಚಿತ್ರದ ಬಹಳ ಮುಂದಿನ ಭಾಗದಲ್ಲಿ ಅವಳು ಸ್ಟಿಚ್‌ಗೆ ತನ್ನ ತಂದೆ ತಾಯಿಯ ಫೋಟೊ ತೋರಿಸಿ, ಅಂದು ಮಳೆ ಬರುತ್ತಿತ್ತು, ಅವರು ಕಾರಿನಲ್ಲಿ ಹೊರಟರು ಎಂದಷ್ಟೇ ಹೇಳುತ್ತಾಳೆ. ಈ ಎರಡು ದೃಶ್ಯಗಳಿಗೆ ನಂಟಿದೆಯೆಂದು ಯಾವ ಪಾತ್ರವೂ ಬಾಯಿಬಿಟ್ಟು ಹೇಳುವುದಿಲ್ಲ. ಮಳೆ ಬಾರದಿರಲೆಂದು ಒಂದು ಮಗು ವಾರವಾರವೂ ಮೀನಿಗೆ ಎಡೆ ಇಡುತ್ತಿದೆ ಎಂಬುದನ್ನು ನೋಡುವವರೇ ಕೂಡಿಸಿಕೊಳ್ಳಬೇಕು. ಈ ಚಿತ್ರದ ಪಾತ್ರಗಳನ್ನು ಹೀಗೆಯೇ ಓದಬೇಕು: ವಿಚಿತ್ರವಾಗಿ ಕಂಡ ನಡವಳಿಕೆಯನ್ನು ತಳ್ಳಿಹಾಕದೆ ಗುರುತಿಟ್ಟುಕೊಂಡು, ಅದರ ಕಾರಣ ಎಲ್ಲಿ ಬರುತ್ತದೆಂದು ಕಾಯಬೇಕು. ಲಿಲೊ ಪ್ರವಾಸಿಗರ ಫೋಟೊ ತೆಗೆದು ಗೋಡೆಗೆ ಅಂಟಿಸುವುದನ್ನೂ, ತಾನೇ ಹೊಲಿದ ಸ್ಕ್ರಂಪ್ ಎಂಬ ಗೊಂಬೆಯನ್ನು ಸಿಟ್ಟಿನಿಂದ ಎಸೆದು ಮರುಗಳಿಗೆಯಲ್ಲೇ ಓಡಿಬಂದು ಎತ್ತಿಕೊಳ್ಳುವುದನ್ನೂ ಇದೇ ದೃಷ್ಟಿಯಿಂದ ನೋಡಿ.

ಇನ್ನು ಸ್ಟಿಚ್. ಅವನ ಮೊದಲ ಹೆಸರು ಪ್ರಯೋಗ 626. ಆರು-ಎರಡು-ಆರು ಎಂದು ಬಿಡಿಬಿಡಿಯಾಗಿ ಹೇಳುವುದು ರೂಢಿ. ಡಾಕ್ಟರ್ ಜಂಬಾ ಜುಕಿಬಾ ಅವನನ್ನು ಪ್ರಯೋಗಾಲಯದಲ್ಲಿ ಸೃಷ್ಟಿಸಿದ. ಗುಂಡು ತಾಗುವುದಿಲ್ಲ, ಬೆಂಕಿ ಸುಡುವುದಿಲ್ಲ, ತನ್ನ ಗಾತ್ರದ 3,000 ಪಟ್ಟು ದೊಡ್ಡ ವಸ್ತುವನ್ನೂ ಸರಿಸಬಲ್ಲ, ಮುಟ್ಟಿದ್ದನ್ನು ಹಾಳುಮಾಡುವುದೊಂದೇ ಅವನ ಹುಟ್ಟುಗುಣ ಎಂದು ಜಂಬಾ ನ್ಯಾಯಾಲಯದಲ್ಲಿ ಹೆಮ್ಮೆಯಿಂದ ವರ್ಣಿಸುತ್ತಾನೆ. ಈ ಪಟ್ಟಿಗಿಂತ ಮುಖ್ಯವಾದದ್ದು ಅವನಿಗೆ ಒದಗಿಬಂದ ಸ್ಥಳ. ದೊಡ್ಡ ನಗರಗಳನ್ನು ಹಾಳುಗೆಡವಲೆಂದು ಮಾಡಿದ ಪ್ರಾಣಿ ಹವಾಯಿಯ ಕವಾಯಿ ದ್ವೀಪದಲ್ಲಿ ಬಂದು ಬಿದ್ದಿದೆ. ಅಲ್ಲಿ ದೊಡ್ಡ ನಗರವಿಲ್ಲ, ಸುತ್ತಲೂ ನೀರು, ಅವನಿಗೋ ಈಜಲು ಬಾರದು. ಮಾಡಲು ಕೆಲಸವಿಲ್ಲದಂತಾದ ಮೇಲೆಯೇ ಅವನು ಯೋಚಿಸಲಾರಂಭಿಸುತ್ತಾನೆ. ಲಿಲೊಳ ಕೋಣೆಯಲ್ಲಿ ಸಿಕ್ಕ ಸಾಮಾನುಗಳಿಂದ ಸ್ಯಾನ್ ಫ್ರಾನ್ಸಿಸ್ಕೊ ನಗರದ ಮಾದರಿಯನ್ನು ಕಟ್ಟಿ ಕೂಡಲೇ ತುಳಿದುಹಾಕುವುದನ್ನೂ, ಕುರೂಪಿ ಬಾತುಮರಿಯ ಕಥೆಯ ಪುಸ್ತಕದಲ್ಲಿ ದಾರಿ ತಪ್ಪಿದ ಮರಿಯ ಚಿತ್ರದ ಮುಂದೆ ಸುಮ್ಮನೆ ನಿಂತುಬಿಡುವುದನ್ನೂ ಒಟ್ಟಿಗೆ ಇಟ್ಟು ನೋಡಿದರೆ ಅವನ ಬದಲಾವಣೆಯ ಗತಿ ತಿಳಿಯುತ್ತದೆ. ಅವನ ದೇಹವನ್ನೂ ಗಮನಿಸಬೇಕು. ಅವನಿಗೆ ನಿಜವಾಗಿ ನಾಲ್ಕು ತೋಳುಗಳಿವೆ, ತಲೆಯ ಮೇಲೆ ಮೀಸೆಯಂತಹ ಎರಡು ಕೊಂಬು, ಬೆನ್ನಲ್ಲಿ ಮುಳ್ಳು. ನಾಯಿಗಳ ಆಶ್ರಯತಾಣದಲ್ಲಿ ಅವನು ಎರಡು ತೋಳುಗಳನ್ನೂ ಉಳಿದೆಲ್ಲವನ್ನೂ ಒಳಗೆಳೆದುಕೊಂಡು ನಾಯಿಯ ವೇಷ ಹಾಕುತ್ತಾನೆ. ಮುಂದೆ ಯಾವಾಗ ನಾಲ್ಕು ತೋಳುಗಳು ಹೊರಬರುತ್ತವೆ, ಯಾವಾಗ ಒಳಹೋಗುತ್ತವೆ ಎಂಬುದನ್ನು ಗುರುತಿಸುತ್ತ ಹೋಗಿ. ಧ್ವನಿಯ ವಿಷಯದಲ್ಲಿ ಸಾಧ್ಯವಾದರೆ ಮೂಲ ಧ್ವನಿಯಲ್ಲೇ ಕೇಳಿ. ಸ್ಟಿಚ್‌ನ ಆ ಗೊಗ್ಗರು ದನಿ ನಿರ್ದೇಶಕ ಸ್ಯಾಂಡರ್ಸ್ ಅವರದೇ.

ಸ್ಟಿಚ್‌ನನ್ನು ಹಿಡಿಯಲು ಬಂದ ಜಂಬಾ ಮತ್ತು ಪ್ಲೀಕ್ಲಿಯರನ್ನು ಜೋಡಿಯಾಗಿ ನೋಡುವುದೇ ಸರಿ. ನಾಲ್ಕು ಕಣ್ಣಿನ ಜಂಬಾ ತನ್ನನ್ನು ದುಷ್ಟ ಪ್ರತಿಭಾವಂತನೆಂದೇ ಕರೆದುಕೊಳ್ಳುತ್ತಾನೆ, ಆದರೆ ತಾನು ಸೃಷ್ಟಿಸಿದ ಪ್ರಾಣಿಗೆ ನೆನಪಿಸಿಕೊಳ್ಳಲು ಒಂದು ನೆನಪೂ ಇಲ್ಲ ಎಂಬುದನ್ನು ಮೊದಲು ಗ್ರಹಿಸುವವನೂ ಅವನೇ. ಒಂಟಿ ಕಣ್ಣಿನ ಪ್ಲೀಕ್ಲಿ ಭೂಮಿಯ ತಜ್ಞನೆಂಬ ಬಿರುದು ಹೊತ್ತವನು, ಅವನ ಜ್ಞಾನದ ಬುಡವೇ ತಪ್ಪು: ಸೊಳ್ಳೆ ಅಳಿವಿನಂಚಿನ ಜೀವಿಯೆಂದೂ, ಅದನ್ನು ಉಳಿಸಲು ಭೂಮಿಯನ್ನು ಅಭಯಾರಣ್ಯವಾಗಿ ಇಡಲಾಗಿದೆಯೆಂದೂ ಅವನು ನಂಬಿದ್ದಾನೆ. ಈ ಸೊಳ್ಳೆಯ ಕಥೆಯನ್ನು ಕೋಬ್ರಾ ಬಬಲ್ಸ್ ಹಿಂದೆ ಗೂಢಚಾರ ಸಂಸ್ಥೆಯಲ್ಲಿದ್ದಾಗ, 1973ರಲ್ಲಿ, ಅನ್ಯಗ್ರಹದವರಿಗೆ ನಂಬಿಸಿದ್ದನೆಂಬುದು ಕೊನೆಯಲ್ಲಿ ಹೊರಬೀಳುತ್ತದೆ. ಆದ್ದರಿಂದ ಕೋಬ್ರಾನನ್ನು ಬರಿಯ ಕಠೋರ ಅಧಿಕಾರಿಯೆಂದು ಗುರುತು ಹಾಕಿಬಿಡಬೇಡಿ. ಬಾಹ್ಯಾಕಾಶದವರಿಗೆ ನಿಯಮಗಳೇ ಸರ್ವಸ್ವ ಎಂದು ಬಲ್ಲವನು ಅವನು. ನಿಯಮವನ್ನೇ ಮುಂದಿಟ್ಟು ವಾದಿಸಲು ಬೇಕಾದ ಒಂದು ಕಾಗದ ಲಿಲೊಳ ಬಳಿ ಇರುತ್ತದೆ.

ಆ ಕಾಗದದ ದೃಶ್ಯವನ್ನು ನಿಲ್ಲಿಸಿ ನೋಡುವುದು ಒಳ್ಳೆಯದು. ಆಶ್ರಯತಾಣದಲ್ಲಿ ನಾಯಿಯನ್ನು ತಾನೇ ಕೊಳ್ಳುತ್ತೇನೆಂದು ಹಟ ಹಿಡಿದ ಲಿಲೊ, ಅದಕ್ಕೆ ಬೇಕಾದ 2 ಡಾಲರನ್ನು ನಾನಿಯಿಂದಲೇ ಸಾಲ ಕೇಳಿರುತ್ತಾಳೆ. ಆಗ ಅದು ತಮಾಷೆ. ಸ್ಟಿಚ್‌ನನ್ನು ಕರೆದೊಯ್ಯಲು ಬಾಹ್ಯಾಕಾಶದವರ ಮಹಾಪರಿಷತ್ತಿನ ಅಧ್ಯಕ್ಷೆ ಬಂದು ನಿಂತಾಗ, ಅದೇ ಖರೀದಿಯ ಕಾಗದವನ್ನು ತೋರಿಸಿ, ಇವನನ್ನು ಕರೆದುಕೊಂಡು ಹೋದರೆ ಅದು ಕಳ್ಳತನವಾಗುತ್ತದೆ ಎಂದು ಲಿಲೊ ವಾದಿಸುತ್ತಾಳೆ. ಒಹಾನ, ಅಂದರೆ ಕುಟುಂಬ, ಯಾರನ್ನೂ ಹಿಂದೆ ಬಿಡುವುದಿಲ್ಲ ಎಂಬ ಮಾತನ್ನು ಎಲ್ಲರೂ ಉದ್ಧರಿಸುತ್ತಾರೆ. ಆದರೆ ಸ್ಟಿಚ್‌ನನ್ನು ಉಳಿಸಿದ್ದು ಆ ಮಾತಿನ ಜೊತೆಗೆ ಅಕ್ಕನಿಂದ ಪಡೆದ ಸಾಲವೂ ಹೌದು. ಇಲ್ಲಿಂದ ಮುಂದೆ ಮುಕ್ತಾಯದ ಫೋಟೊಗಳು ಬರುವಾಗ ಎದ್ದು ಹೋಗಬೇಡಿ. ನಾಲ್ವರಿದ್ದ ಹಳೆಯ ಕುಟುಂಬದ ಫೋಟೊಗೆ ಸ್ಟಿಚ್‌ನ ಚಿತ್ರವೊಂದನ್ನು ಸೇರಿಸಿರುವುದು ಅಲ್ಲಿ ಕಾಣುತ್ತದೆ.

ಗಾಂಟುವಿನ ಬಗ್ಗೆ ಹೆಚ್ಚು ಹೇಳಬೇಕಾದ್ದಿಲ್ಲ. ಮೊದಲ ಚಿತ್ರದ ಕೊನೆಯಲ್ಲಿ ಸೇನಾಧಿಕಾರಿಯ ಪದವಿ ಕಳೆದುಕೊಂಡ ಈ ದೈತ್ಯ, 2003ರ ನಂತರ ಹ್ಯಾಮ್‌ಸ್ಟರ್‌ವೀಲ್ ಎಂಬ ಪುಟ್ಟ ಖಳನ ಕೈಕೆಳಗೆ ದುಡಿಯುತ್ತಾನೆ. ಅವನ ಜೊತೆಗಿರುವ ಪ್ರಯೋಗ 625 ಸ್ಟಿಚ್‌ನಷ್ಟೇ ಶಕ್ತಿವಂತ, ಆದರೆ ಸ್ಯಾಂಡ್‌ವಿಚ್ ಮಾಡುವುದನ್ನು ಬಿಟ್ಟು ಬೇರೆ ಯಾವುದಕ್ಕೂ ಮೈ ಬಗ್ಗಿಸುವುದಿಲ್ಲ. ಇವರಿಬ್ಬರ ಮಾತುಕತೆಯೇ ದೂರದರ್ಶನ ಸರಣಿಯ ಹೆಚ್ಚಿನ ನಗುವಿಗೆ ಆಧಾರ.

ಸರಣಿಗೆ ಕಾಲಿಟ್ಟಾಗ ಹೊಸಬರು ತಪ್ಪದೆ ಮಾಡುವ ಒಂದು ತಪ್ಪಿದೆ: ಪ್ರಯೋಗಗಳ ಪಟ್ಟಿಯನ್ನು ಬಾಯಿಪಾಠ ಮಾಡಲು ಹೊರಡುವುದು. ಸ್ಟಿಚ್‌ಗೆ ಮುಂಚಿನ 625 ಪ್ರಯೋಗಗಳು ನೀರಿಲ್ಲದೆ ಒಣಗಿದ ಸಣ್ಣ ಗುಂಡುಗಳ ರೂಪದಲ್ಲಿರುತ್ತವೆ, ನೀರು ತಾಗಿದರೆ ಜೀವ ತಳೆಯುತ್ತವೆ. ಅವುಗಳಲ್ಲಿ ಹೆಚ್ಚಿನವು ದ್ವೀಪದ ಮೂಲೆಮೂಲೆಗೆ ಚೆದುರಿದ್ದರಿಂದಲೇ ಅಷ್ಟು ಕಂತುಗಳು. ಎಲ್ಲವನ್ನೂ ನೆನಪಿಡುವುದರಿಂದ ಪ್ರಯೋಜನವಿಲ್ಲ. ನಿಮಗೆ ಹಿಡಿಸಿದ ಪ್ರಯೋಗದ ಎದುರು ಮೂರು ಪ್ರಶ್ನೆಗಳನ್ನು ಬರೆದುಕೊಳ್ಳಿ: ಜಂಬಾ ಅದನ್ನು ಯಾವ ಹಾನಿಗೆಂದು ಮಾಡಿದ, ಲಿಲೊ ಅದಕ್ಕೆ ಯಾವ ಹೆಸರಿಟ್ಟಳು, ಕಡೆಗೆ ಅದು ಎಲ್ಲಿ ನೆಲೆಯಾಯಿತು. ಉದಾಹರಣೆಗೆ 221ನೆಯದು ವಿದ್ಯುತ್ತಿನ ಪ್ರಾಣಿ, ಕಂಡಲ್ಲಿ ಕಿಡಿ ಹಾರಿಸಿ ವಿದ್ಯುತ್ ವ್ಯವಸ್ಥೆಯನ್ನು ಕೆಡಿಸುತ್ತದೆ. ಲಿಲೊ ಸ್ಪಾರ್ಕಿ ಎಂದು ಹೆಸರಿಡುತ್ತಾಳೆ. ಕೊನೆಗೆ ಅದು ದೀಪಸ್ತಂಭಕ್ಕೆ ಬೆಳಕು ಕೊಡುತ್ತದೆ. ಅದರ ಗುಣ ಎಳ್ಳಷ್ಟೂ ಬದಲಾಗಿಲ್ಲ, ಜಾಗ ಮಾತ್ರ ಬದಲಾಗಿದೆ. ಹಾಗೆಂದು ಎಲ್ಲ ಕಂತುಗಳೂ ಸಮಾನವಲ್ಲ. ಹಲವು ಕಂತುಗಳಲ್ಲಿ ನಾನಿ ಬಂದು ಗದರಿಸಿ ಹೋಗುವವಳಷ್ಟೇ ಆಗುತ್ತಾಳೆ, ಅಂಥವನ್ನು ದಾಟಿ ಮುಂದೆ ಹೋದರೆ ನಷ್ಟವೇನಿಲ್ಲ. 624ನೆಯ ಪ್ರಯೋಗವಾದ ಏಂಜೆಲ್‌ಳನ್ನು ಮಾತ್ರ ಬಿಡಬೇಡಿ. ಒಳ್ಳೆಯವರಾದ ಪ್ರಯೋಗಗಳನ್ನು ತನ್ನ ಹಾಡಿನಿಂದ ಮತ್ತೆ ಕೆಟ್ಟವರನ್ನಾಗಿಸುವ ಅವಳ ಎದುರು ಸ್ಟಿಚ್ ಮರುಳಾಗುವುದು ನೋಡತಕ್ಕದ್ದು.

ಚಿಕ್ಕ ಮಕ್ಕಳ ಜೊತೆ ನೋಡುವವರಿಗೆ ಒಂದು ಮಾತು. ತಂದೆ ತಾಯಿ ಇಲ್ಲದಿರುವುದು, ಮಗುವನ್ನು ಮನೆಯಿಂದ ಕರೆದೊಯ್ಯುತ್ತಾರೆಂಬ ಭಯ ಇವೆರಡೂ ಮೊದಲ ಚಿತ್ರದ ಉದ್ದಕ್ಕೂ ಇವೆ. ಅಗಲಿಕೆಯ ಹಿಂದಿನ ರಾತ್ರಿ ನಾನಿ ಜೋಲಿಯಲ್ಲಿ ತಂಗಿಯನ್ನು ಅಪ್ಪಿಕೊಂಡು ‘ಅಲೋಹಾ ಓಯಿ’ ಹಾಡುವ ದೃಶ್ಯದಲ್ಲಿ ಮಗು ಪ್ರಶ್ನೆ ಕೇಳಿದರೆ ಚಿತ್ರವನ್ನು ನಿಲ್ಲಿಸಿ ಉತ್ತರಿಸಿ. ಆ ಹಾಡು ಹವಾಯಿಯ ರಾಣಿ ಲಿಲಿಯುಒಕಲಾನಿ ರಚಿಸಿದ ಬೀಳ್ಕೊಡುಗೆಯ ಹಾಡು ಎಂದು ತಿಳಿಸಿದರೆ, ನಾನಿ ಬಾಯಿಬಿಟ್ಟು ಹೇಳಲಾರದ್ದನ್ನು ಹಾಡಿನಲ್ಲಿ ಹೇಳುತ್ತಿದ್ದಾಳೆಂದು ದೊಡ್ಡ ಮಕ್ಕಳಿಗೆ ತಾವಾಗಿಯೇ ಹೊಳೆಯುತ್ತದೆ.

ಕೊನೆಗೆ 2025ರ ಚಿತ್ರ. ಇಲ್ಲಿ ಗಾಂಟು ಇಲ್ಲ, ಜಂಬಾ ಕಡೆಯವರೆಗೂ ಖಳನಾಗಿಯೇ ಉಳಿಯುತ್ತಾನೆ, ಸ್ಟಿಚ್‌ನ ಧ್ವನಿ ಮಾತ್ರ ಸ್ಯಾಂಡರ್ಸ್ ಅವರದೇ. 2002ರಲ್ಲಿ ನಾನಿಗೆ ಧ್ವನಿ ಕೊಟ್ಟಿದ್ದ ಟಿಯಾ ಕರೆರೆ ಈ ಚಿತ್ರದಲ್ಲಿ ಸಮಾಜ ಸೇವಾ ಇಲಾಖೆಯ ಕೆಕೊವಾ ಎಂಬ ಮಹಿಳೆಯಾಗಿ ನಾನಿಯ ಎದುರು ಕೂರುತ್ತಾರೆ. ಹಿಂದಿನ ನಾನಿಯೇ ಹೊಸ ನಾನಿಯನ್ನು ಪ್ರಶ್ನಿಸುವಂತಿರುವ ಆ ದೃಶ್ಯಗಳು ನನಗೆ ಬಹಳ ಹಿಡಿಸಿದವು. ದೊಡ್ಡ ವ್ಯತ್ಯಾಸ ಕೊನೆಯಲ್ಲಿದೆ. ಈ ನಾನಿ ಲಿಲೊಳನ್ನು ನೆರೆಯ ಟುಟು ಎಂಬ ಹಿರಿಯಳ ಆಶ್ರಯಕ್ಕೆ ಒಪ್ಪಿಸಿ, ಸಮುದ್ರಜೀವಿಗಳ ಅಧ್ಯಯನಕ್ಕೆಂದು ಸ್ಯಾನ್ ಡಿಯೇಗೊಗೆ ಓದಲು ಹೋಗುತ್ತಾಳೆ. ಇದರಿಂದ ಒಹಾನದ ಅರ್ಥವೇ ಕೆಟ್ಟಿತೆಂದು ಸಿಟ್ಟಾದವರಿದ್ದಾರೆ, ಅಕ್ಕನಿಗೂ ಒಂದು ಬದುಕಿದೆಯೆಂದು ಮೆಚ್ಚಿದವರೂ ಇದ್ದಾರೆ. ಯಾವ ಪಕ್ಷ ಹಿಡಿಯುವ ಮುನ್ನವೂ ಮೊದಲ ಚಿತ್ರದ ಆ ರಾಜಿಯ ದೃಶ್ಯವನ್ನು ಮತ್ತೊಮ್ಮೆ ಹಾಕಿ ನೋಡಿ: ಅಮ್ಮನಿಗಿಂತ ಅಕ್ಕನೇ ಇಷ್ಟ ಎಂದು ಲಿಲೊ ಹೇಳಿದಾಗ ನಾನಿಯ ಮುಖದಲ್ಲಿ ಏನು ಕಾಣುತ್ತದೆ ಎಂದು.